ಅಡಿಕೆ ಸುಲಿವ ರಾತ್ರಿಯ ಮದುವೆ ಕ್ಯಾಸೆಟ್ಟು

ಸಾಗರ ಸೀಮೆಯ ನಮ್ಮ ಮನೆಗಳಲ್ಲಿ 1990ರ ದಶಕದ ಕೊಯ್ಲಿನ ರಾತ್ರಿಗಳೆಂದರೆ ಅಂಗಳದಲ್ಲಿ ಅಡಿಕೆ ಬೇಯುವ ಹಂಡೆಯಿಂದ ಏಳುವ ಚೊಗರಿನ ವಾಸನೆ, ಅದರಡಿ ಉರಿವ ಕುಂಟೆಯ ಹೊಗೆ, ಜಗಲಿಯುದ್ದಕ್ಕೂ ಕೂತವರ ಮೆಟ್ಟುಗತ್ತಿಗಳ ಚರಕ್ ಚರಕ್. ಕೂತಲ್ಲೇ ತೂಕಡಿಕೆ ಶುರುವಾಗುವ ಹೊತ್ತಿಗೆ ಚಿಕ್ಕಪ್ಪ ಪೇಟೆಯಿಂದ ಬಾಡಿಗೆಗೆ ತಂದ ವಿಸಿಆರನ್ನು ಮೇಜಿನ ಮೇಲಿಟ್ಟು, ಅಮ್ಮಮ್ಮನ ಹಳೇ ಸೀರೆ ಚೂರಿನಲ್ಲಿ ಸುತ್ತಿಟ್ಟ ಸಣ್ಣತ್ತೆಯ ಮದುವೆ ಕ್ಯಾಸೆಟ್ಟನ್ನು ಅದರೊಳಗೆ ತೂರಿಸಿದನೆಂದರೆ, ಸುಲಿಯುವವರ ಕೈ ಅದರ ಪಾಡಿಗೆ ಓಡುತ್ತಿದ್ದು ಕಣ್ಣೆಲ್ಲ ಟೀವಿ ಕಡೆಗೇ.

ಮೊದಲು ತೆರೆ ತುಂಬ ಬಿಳೀ ಗೀರು. ಟ್ರ್ಯಾಕಿಂಗ್ ಗುಂಡಿ ತಿರುಗಿಸುತ್ತ ಹೋದಂತೆ ಸೋಗೆಯ ಚಪ್ಪರ, ವಿಡಿಯೋದವನ ಲೈಟಿಗೆ ಸುಣ್ಣ ಬಳಿದಂತೆ ಬೆಳ್ಳಗಾದ ಮುಖಗಳು, ಫೋಟೋ ತೆಗೆಯುತ್ತಾರೆಂದು ಉಸಿರು ಬಿಗಿಹಿಡಿದ ಅಜ್ಜ, ಧಾರೆ ಎರೆಯುವಾಗ ನಡುಗಿದ ಅಮ್ಮಮ್ಮನ ಕೈ, ಹಿಂದೆಲ್ಲೋ ಅಪ್ಪೆಹುಳಿಯ ಬಕೆಟ್ಟು ಹಿಡಿದು ಓಡುವ ಅಪ್ಪಯ್ಯ. ಮಕ್ಕಳಾದ ನಮಗೆ ಬೇಕಿದ್ದದ್ದು ಪಂಕ್ತಿಯಲ್ಲಿ ಕೂತು ನಾಲಗೆ ಚಾಚಿದ ನಮ್ಮದೇ ಒಂದು ಚೂರು. "ಒಂದ್ಸಲ ಅಲ್ಲೇ ನಿಲ್ಸಾ ತಮಾ" ಎನ್ನುತ್ತಿದ್ದವಳು ಅಮ್ಮಮ್ಮ. ಗಡಗಡ ನಡುಗುತ್ತ ನಿಂತ ಚಿತ್ರದೊಳಗೆ, ತೀರಿಹೋದ ತನ್ನ ಅಕ್ಕನನ್ನು ನೋಡುತ್ತ, ಆ ಸೀರೆ ಯಾವ ಜಾತ್ರೆಯದ್ದು, ಆ ವರ್ಷ ತೋಟಕ್ಕೆ ಕೊಳೆರೋಗ ಎಷ್ಟು ಬಂದಿತ್ತು ಎಂದು ಅವಳು ಶುರುಮಾಡಿದರೆ, ಸುಲಿಯಲು ಬಂದ ಕೇರಿಯವರೂ ತಮ್ಮದೊಂದೊಂದು ಸೇರಿಸಿ, ಕ್ಯಾಸೆಟ್ಟಿಗಿಂತ ಮಾತೇ ಉದ್ದವಾಗುತ್ತಿತ್ತು.

ಮಳೆಗಾಲಗಳ ಥಂಡಿಗೆ ಆ ರೀಲಿಗೆ ಬೂಸಲು ಹತ್ತಿತು. ಕೊನೆತನಕ ಉಳಿದಿದ್ದ ಜಪಾನಿನ ಫುನಾಯಿ ಕಂಪನಿಯೂ 2016ರಲ್ಲಿ ವಿಸಿಆರ್ ತಯಾರಿಕೆ ಕೈಬಿಟ್ಟಿತು. ಉಳಿದಷ್ಟನ್ನು ಒರೆಸಿ, ಪೆನ್‌ಡ್ರೈವಿಗೆ ಹಾಕಿಸಿ ನೋಡಿದರೆ, ಉದ್ದಕ್ಕೂ ಸಿನಿಮಾ ಹಾಡುಗಳೇ. ಅಮ್ಮಮ್ಮ ಹಸೆಗೆ ಕರೆದ ಹಾಡಾಗಲಿ, ಇನ್ನೊಂದು ಹೋಳಿಗೆ ಹಾಕಿಸಿಕೊಳ್ಳಿರೆಂದು ಅಜ್ಜ ಮಾಡಿದ ಉಪಚಾರವಾಗಲಿ ಅದರಲ್ಲಿಲ್ಲ, ಬರೀ ತುಟಿ ಅಲ್ಲಾಡುತ್ತದೆ. ಅವರ ದನಿ ಇದ್ದದ್ದು ಜಗಲಿಯಲ್ಲಿ, ಅದನ್ನು ಯಾರೂ ಹಿಡಿದಿಡಲಿಲ್ಲ.

ಈಗ ನಮ್ಮ ಮಕ್ಕಳು ಮೊಬೈಲಿನಲ್ಲಿ ಅದನ್ನೇ ನೋಡಿ "ಇವರ್ಯಾರು?" ಎಂದು ಕೇಳುತ್ತಾರೆ, ಅರ್ಧ ಪಂಕ್ತಿಯವರ ಹೆಸರು ನಮಗೇ ಗೊತ್ತಿಲ್ಲ. ಗೊತ್ತಿರುವವಳು ಅಂದಿನ ಮದುಮಗಳು, ನಮ್ಮ ಸಣ್ಣತ್ತೆ. ಈ ದೀಪಾವಳಿಗೆ ಊರಿಗೆ ಬಂದಾಗ ಅವಳನ್ನು ಟೀವಿ ಮುಂದೆ ಕೂರಿಸಿ, ಹಾಡಿನ ಸದ್ದು ತೆಗೆದು, ಒಂದೊಂದು ಮುಖಕ್ಕೂ ನಿಲ್ಲಿಸಿ, ಸೀರೆ, ಜಾತ್ರೆ, ಕೊಳೆ, ಯಾರ ಮನೆಯ ಯಾರು ಎಂಬುದನ್ನೆಲ್ಲ ಅವಳ ದನಿಯಲ್ಲೇ ತುಂಬಿಸಿಕೊಳ್ಳಬೇಕು.