ಈ ಸಲ ‘ಏನೂ ಇಲ್ಲ’ ಅನ್ನುವುದಿಲ್ಲ

ದಾವಣಗೆರೆ
ಭಾನುವಾರ ರಾತ್ರಿ

ಪ್ರೀತಿಯ ಪುಟ್ಟೂ,

ನಿನ್ನ ಮೆಸೇಜು ನೋಡಿದೆ. ಫೋನಿನಲ್ಲಿ ಉತ್ತರ ಕೊಡದೆ ಕಾಗದ ಹಿಡಿದು ಕೂತಿದ್ದಕ್ಕೆ ಕಾರಣ ಇದೆ. ಫೋನಾದರೆ ನೀನು ನಡುವೆ ಬಾಯಿ ಹಾಕಿ ‘ಅಕ್ಕಾ, ಆದರೂ ನೂರಕ್ಕೆ ನೂರು ಏನೂ ಇಲ್ಲ ತಾನೆ?’ ಅಂತೀಯ. ನಾನು ‘ಏನೂ ಇಲ್ಲ ಕಣೋ’ ಅಂತೀನಿ. ಅವತ್ತು ರಾತ್ರಿ ನಿನಗೆ ನಿದ್ದೆ ಬರುತ್ತೆ. ಎರಡು ದಿನ ಬಿಟ್ಟು ಮತ್ತೆ ಅದೇ ಪ್ರಶ್ನೆ. ಕಾಗದವನ್ನಾದರೆ ನೀನು ಸುಮ್ಮನೆ ಕೊನೆಯವರೆಗೆ ಓದಲೇಬೇಕು.

ಮೊದಲು ಮನೆ ಸುದ್ದಿ. ಅಮ್ಮನ ಮಂಡಿನೋವು ಈಗ ವಾಸಿ, ಮೆಟ್ಟಿಲು ಹತ್ತುತ್ತಿದ್ದಾಳೆ. ಅಪ್ಪ ನಿನ್ನ ಮದುವೆಯ ಛತ್ರಕ್ಕೆ ಮುಂಗಡ ಕೊಟ್ಟು ಬಂದರು. ಅಡುಗೆಯವರ ಜೊತೆ ಹೋಳಿಗೆಯೋ ಜಿಲೇಬಿಯೋ ಅನ್ನುವ ಜಗಳ ಇನ್ನೂ ಮುಗಿದಿಲ್ಲ. ನಿನ್ನ ಹುಡುಗಿ ನನಗೆ ಫೋನ್ ಮಾಡಿದ್ದಳು. ಸೀರೆ ಬಣ್ಣದ ನೆಪ. ಅದೂ ಇದೂ ಮಾತಾಡಿ ಕೊನೆಗೆ, ‘ಅವರು ಯಾಕೋ ಸರಿಯಾಗಿ ಮಾತಾಡ್ತಿಲ್ಲ ಅಕ್ಕ, ನನ್ನಿಂದ ಏನಾದ್ರೂ ತಪ್ಪಾಯ್ತಾ?’ ಅಂದಳು. ಆಫೀಸಿನಲ್ಲಿ ಕೆಲಸ ಜಾಸ್ತಿ ಇರಬೇಕು ಅಂದೆ. ನಿನ್ನ ಗುಟ್ಟು ಬಿಚ್ಚುವ ಹಕ್ಕು ನನಗಿಲ್ಲ. ಆದರೆ ನೀನು ಅವಳನ್ನು ಹೀಗೆ ಕೊರಗಿಸುತ್ತಿರುವುದನ್ನು ಒಪ್ಪುವುದೂ ನನ್ನಿಂದ ಆಗುವುದಿಲ್ಲ.

ಗೋವಾದ ಆ ರಾತ್ರಿಯ ಕಥೆ ನೀನು ಹೇಳಿದಾಗ ನನಗೆ ಸಿಟ್ಟು ಬರಲಿಲ್ಲ ಕಣೋ. ಜಿಲ್ಲಾಸ್ಪತ್ರೆಯ ಐಸಿಟಿಸಿಯಲ್ಲಿ, ಅಂದರೆ ಎಚ್‌ಐವಿ ಸಮಾಲೋಚನೆ ಮತ್ತು ಪರೀಕ್ಷಾ ಕೇಂದ್ರದಲ್ಲಿ, ಆಪ್ತಸಮಾಲೋಚಕಿಯಾಗಿ ಕೂತವಳು ನಾನು. ಎದುರಿನ ಕುರ್ಚಿಯಲ್ಲಿ ಕೂತು ಲಾರಿ ಡ್ರೈವರುಗಳು, ಮೇಷ್ಟ್ರುಗಳು, ಪೂಜೆಯವರು, ಹೊಸದಾಗಿ ಮದುವೆಯಾದವರು ಹೇಳಿಕೊಂಡಿದ್ದನ್ನೆಲ್ಲ ಕೇಳಿದ್ದೇನೆ. ನಿನ್ನದು ಅದರಲ್ಲಿ ತೀರಾ ಸಣ್ಣದು. ವೈದ್ಯಕೀಯದ ಮಾತು ಒಂದೇ ಸಲ ಬರೆಯುತ್ತೇನೆ, ಮತ್ತೆ ಬರೆಯುವುದಿಲ್ಲ. ನೀನು ಕಾಂಡೋಮ್ ಬಳಸಿದ್ದೆ. ಅದಾಗಿ ಮೂರು ವರ್ಷವಾಗಿದೆ. ಎಚ್‌ಐವಿಯ ವಿಂಡೋ ಪೀರಿಯಡ್, ಅಂದರೆ ಸೋಂಕಿದ್ದರೂ ಟೆಸ್ಟ್‌ನಲ್ಲಿ ಕಾಣದಿರುವ ಕಾಲ, ಎಷ್ಟು ಎಳೆದರೂ ಮೂರು ತಿಂಗಳು. ಅದು ಕಳೆದ ಮೇಲೆ ಮಾಡಿಸಿದ ಒಂದು ಟೆಸ್ಟ್ ‘ನಾನ್ ರಿಯಾಕ್ಟಿವ್’ ಅಂದರೆ ಮುಗಿಯಿತು. ಸರ್ಕಾರಿ ನಿಯಮದಲ್ಲೇ ಹಾಗಿದೆ: ಮೊದಲ ಕಿಟ್‌ನಲ್ಲಿ ರಿಯಾಕ್ಟಿವ್ ಬಂದರೆ ಮಾತ್ರ ಬೇರೆ ಕಿಟ್‌ಗಳಲ್ಲಿ ಮತ್ತೆ ನೋಡಿ, ಮೂರರಲ್ಲೂ ಬಂದರೆ ಪಾಸಿಟಿವ್ ಅಂತ ಬರೆಯುವುದು. ಬರದಿದ್ದರೆ ಒಂದೇ ಸಾಕು. ನಿನ್ನ ಹತ್ತಿರ ನಾಲ್ಕು ಲ್ಯಾಬಿನ ರಿಪೋರ್ಟ್ ಇದೆ. ಐದನೆಯದು ಹೊಸದಾಗಿ ಹೇಳುವಂಥದ್ದು ಏನೂ ಉಳಿದಿಲ್ಲ.

ನೆಟ್‌ನಲ್ಲಿ ಹುಡುಕಿ ‘ನನಗಿರೋದು ಸಿಪ್ರಿಡೋಫೋಬಿಯಾ’ ಅಂತ ಕಳಿಸಿದ್ದೀಯಲ್ಲ, ಅದನ್ನು ಓದಿ ನನಗೆ ಸ್ವಲ್ಪ ನಗು ಬಂತು, ಬೇಜಾರು ಮಾಡಿಕೊಳ್ಳಬೇಡ. ಹೆಸರು ಸಿಕ್ಕಿದ ಕೂಡಲೇ ಒಂದು ದಿನ ನಿರಾಳವಾಗಿದ್ದೆ ಅಂದೆ, ಅದು ಒಳ್ಳೆಯದೇ. ಲೈಂಗಿಕ ರೋಗಗಳ ಭಯಕ್ಕೆ ಇಟ್ಟ ಹೆಸರು ಅದು. ಸಿಪ್ರಿಸ್ ಅಂದರೆ ಗ್ರೀಕರ ಪ್ರೇಮದೇವತೆ ಅಫ್ರೋಡೈಟಿ. ಸೈಪ್ರಸ್ ದ್ವೀಪದವಳು ಅಂತ ಆ ಹೆಸರು. ರೋಮಿನವರು ಅವಳನ್ನೇ ವೀನಸ್ ಅಂದರು, ಅದರಿಂದ ವೆನೀರಿಯಲ್ ರೋಗ, ವೆನೆರಿಯೋಫೋಬಿಯಾ. ರಕ್ತ ಪರೀಕ್ಷೆಯ ಚೀಟಿಯಲ್ಲಿ ವಿಡಿಆರ್‌ಎಲ್ ಅಂತ ಇರುತ್ತದಲ್ಲ, ಅದರ ಮೊದಲ ಅಕ್ಷರದಲ್ಲಿ ಕೂತಿರುವವಳೂ ಅವಳೇ. ಇವತ್ತಿನ ಮನೋವೈದ್ಯರು ಈ ಗ್ರೀಕ್ ಹೆಸರುಗಳನ್ನು ಚೀಟಿಯಲ್ಲಿ ಬರೆಯುವುದು ಅಪರೂಪ. ಕಾಯಿಲೆಯ ಆತಂಕ ಅಂತಲೋ, ಗೀಳು ಅಂತಲೋ, ಓಸಿಡಿ ಅಂತಲೋ ಬರೆಯುತ್ತಾರೆ. ಭಯ ಯಾವ ರೋಗದ್ದು ಅನ್ನುವುದಕ್ಕಿಂತ ಆ ಭಯ ನಿನ್ನಿಂದ ಏನೇನು ಮಾಡಿಸುತ್ತಿದೆ ಅನ್ನುವುದು ಅವರಿಗೆ ಮುಖ್ಯ.

ಈ ಭಯ ಹಳೆಯದು. 1530ರಲ್ಲಿ ವೆರೋನಾದ ಫ್ರಾಕಾಸ್ಟೊರೊ ಅನ್ನುವ ವೈದ್ಯ ಲ್ಯಾಟಿನ್ನಿನಲ್ಲಿ ಒಂದು ಕಾವ್ಯ ಪ್ರಕಟಿಸಿದ. ಅದರಲ್ಲಿ ಸಿಫಿಲಸ್ ಅನ್ನುವ ಕುರುಬ ಸೂರ್ಯದೇವನನ್ನು ಬೈದು ಶಾಪಕ್ಕೆ ಸಿಕ್ಕಿ ರೋಗಿಯಾಗುತ್ತಾನೆ. ಸಿಫಿಲಿಸ್ ಅನ್ನುವ ಹೆಸರು ಬಂದಿದ್ದೇ ಆ ಶಾಪದ ಕಥೆಯಿಂದ. ಅಲ್ಲಿಯವರೆಗೆ ಇಟಲಿಯವರು ಅದನ್ನು ಫ್ರೆಂಚ್ ರೋಗ ಅನ್ನುತ್ತಿದ್ದರು, ಫ್ರೆಂಚರು ನೇಪಲ್ಸ್ ರೋಗ ಅನ್ನುತ್ತಿದ್ದರು. ನಮ್ಮ ಆಯುರ್ವೇದದ ಭಾವಮಿಶ್ರನೂ ‘ಭಾವಪ್ರಕಾಶ’ದಲ್ಲಿ ‘ಫಿರಂಗ ರೋಗ’ ಅಂದ, ಅಂದರೆ ಪರಂಗಿಯವರು ತಂದದ್ದು. ನಮ್ಮದು ಅಂತ ಯಾರೂ ಹೇಳಿಕೊಳ್ಳಲಿಲ್ಲ ನೋಡು. 1905ರಲ್ಲಿ ಬರ್ಲಿನ್ನಿನಲ್ಲಿ ಶೌಡಿನ್ ಮತ್ತು ಹಾಫ್‌ಮನ್ ಅದರ ರೋಗಾಣು ಕಂಡುಹಿಡಿದರು. 1943ರಲ್ಲಿ ಪೆನಿಸಿಲಿನ್‌ನಿಂದ ಅದು ಗುಣವಾಗುತ್ತದೆ ಅಂತ ಗೊತ್ತಾಯಿತು. ಈಗ ಶುರುವಿನಲ್ಲೇ ಪತ್ತೆಯಾದರೆ ಸೊಂಟಕ್ಕೆ ಹಾಕುವ ಒಂದು ಡೋಸ್ ಬೆಂಜಥೀನ್ ಪೆನಿಸಿಲಿನ್ ಸಾಕು. ಆದರೆ ಶಾಪ ಅನ್ನುವ ಭಾವನೆಗೆ ಇಂಜೆಕ್ಷನ್ ಇಲ್ಲವಲ್ಲ, ಅದು ಹಾಗೇ ಉಳಿಯಿತು. ಹತ್ತೊಂಬತ್ತನೇ ಶತಮಾನದ ಯೂರೋಪಿನ ವೈದ್ಯರೇ ರೋಗವಿಲ್ಲದೆ ರೋಗದ ಭಯದಲ್ಲಿ ನವೆಯುವವರನ್ನು ನೋಡಿ ‘ಸಿಫಿಲೋಫೋಬಿಯಾ’ ಅಂತ ಬರೆದಿಟ್ಟರು. 1986ರಲ್ಲಿ ಚೆನ್ನೈನಲ್ಲಿ ಡಾ. ಸುನೀತಿ ಸೋಲೊಮನ್ ಅವರ ತಂಡ ಭಾರತದ ಮೊದಲ ಎಚ್‌ಐವಿ ಪ್ರಕರಣಗಳನ್ನು ಪತ್ತೆ ಮಾಡಿದ ಮೇಲೆ ನಮ್ಮಲ್ಲಿ ಆ ಭಯದ ಜಾಗಕ್ಕೆ ಏಡ್ಸ್ ಬಂದು ಕೂತಿತು.

ನಿನಗೆ ನೆನಪಿದೆಯಾ? ನೀನು ಆಗಷ್ಟೇ ಓದಲು ಕಲಿತಿದ್ದೆ. ಗೋಡೆ ಮೇಲೆ ಏನು ಕಂಡರೂ ಅಕ್ಷರ ಕೂಡಿಸಿ ಗಟ್ಟಿಯಾಗಿ ಓದುವ ಹುಚ್ಚು. ಬಸ್‌ಸ್ಟ್ಯಾಂಡಿನ ಕಾಂಪೌಂಡಿನಲ್ಲಿ ಹಳದಿ ಬಣ್ಣದಲ್ಲಿ ಬರೆದಿತ್ತು: ಗುಪ್ತರೋಗ, ನರದೌರ್ಬಲ್ಯ, ಪ್ರತಿ ತಿಂಗಳು ಇಂಥ ತಾರೀಖು ಇಂಥ ಲಾಡ್ಜಿನಲ್ಲಿ ಭೇಟಿ. ನೀನು ಓದಿ, ‘ಅಪ್ಪಾ, ಗುಪ್ತರೋಗ ಅಂದ್ರೇನು?’ ಅಂತ ಇಡೀ ಬಸ್‌ಸ್ಟ್ಯಾಂಡಿಗೆ ಕೇಳುವ ಹಾಗೆ ಕೇಳಿದೆ. ಅಪ್ಪ ‘ನಡಿ, ಬಸ್ ಬಂತು’ ಅಂದರು. ಬಸ್ ಬಂದಿರಲಿಲ್ಲ. ಆಮೇಲೂ ನಮ್ಮ ಮನೆಯಲ್ಲಿ ಯಾರೂ ಆ ಪ್ರಶ್ನೆಗೆ ಉತ್ತರ ಕೊಡಲಿಲ್ಲ. ಇಂಥ ರೋಗ ಗುಣ ಮಾಡುತ್ತೇವೆ ಅನ್ನುವ ಜಾಹೀರಾತುಗಳನ್ನು 1954ರಲ್ಲೇ ಕಾನೂನು ಮಾಡಿ ನಿಷೇಧಿಸಿದ್ದಾರೆ. ಗೋಡೆಗಳಿಗೆ ಆ ಕಾನೂನು ಇನ್ನೂ ತಲುಪಿಲ್ಲ! ಆ ಲಾಡ್ಜ್ ವೈದ್ಯರ ಹತ್ತಿರ ಹೋಗುವವರಲ್ಲಿ ಎಷ್ಟೋ ಜನಕ್ಕೆ ಯಾವ ರೋಗವೂ ಇರುವುದಿಲ್ಲ. ಧಾತು, ಅಂದರೆ ವೀರ್ಯ, ಹೋಗುತ್ತಿದೆ ಅಂತ ಹೆದರಿದ ಹುಡುಗರೇ ಹೆಚ್ಚು. ಡಾ. ಎನ್.ಎನ್. ವಿಗ್ ಅನ್ನುವ ಮನೋವೈದ್ಯರು 1960ರಲ್ಲಿ ಅದಕ್ಕೆ ಧಾತ್ ಸಿಂಡ್ರೋಮ್ ಅಂತ ಹೆಸರಿಟ್ಟರು. ಭಯವನ್ನೇ ಬಂಡವಾಳ ಮಾಡಿಕೊಂಡವರು ರೋಗ ಇಲ್ಲದವನಿಂದಲೇ ಜಾಸ್ತಿ ದುಡ್ಡು ಮಾಡುತ್ತಾರೆ. ಈಗ ಆ ಗೋಡೆ ನಿನ್ನ ಮೊಬೈಲಿನಲ್ಲೇ ಇದೆ, ರಾತ್ರಿ ಎರಡಕ್ಕೂ ಓದಬಹುದು.

ಆಸ್ಪತ್ರೆಯ ನಮ್ಮ ಕೋಣೆಗೆ ನಿನ್ನ ಹಾಗೇ ಹೆದರಿದ ಒಬ್ಬರು ಬರುತ್ತಿದ್ದರು. ಹೆಸರು, ಊರು ಬೇಡ. ಪ್ಲಾಸ್ಟಿಕ್ ಕವರಿನ ತುಂಬ ರಿಪೋರ್ಟು, ಎಲ್ಲದಕ್ಕೂ ತಾರೀಖಿನ ಪ್ರಕಾರ ನಂಬರ್ ಹಾಕಿದ್ದರು. ಹಲ್ಲು ಕೀಳಿಸಿಕೊಂಡಾಗಿನಿಂದ ಶುರುವಾದ ಅನುಮಾನ. ಒಂದೂ ರಿಯಾಕ್ಟಿವ್ ಇಲ್ಲ. ಲ್ಯಾಬಿನವರು ಸ್ಯಾಂಪಲ್ ಅದಲುಬದಲು ಮಾಡಿದರೆ ಅಂತ ಕೇಳುತ್ತಿದ್ದರು. ನಾಲಿಗೆ ಬೆಳ್ಳಗಿದೆ ಅಂತ ಕನ್ನಡಿ ನೋಡಿಕೊಂಡು, ಗಂಟು ಇದೆಯಾ ಅಂತ ಕುತ್ತಿಗೆ ಒತ್ತಿ ಒತ್ತಿ ನೋಯಿಸಿಕೊಂಡಿದ್ದರು. ಊಟ ಸೇರದೆ ತೂಕ ಇಳಿದಿತ್ತು, ಅದೇ ರೋಗದ ಲಕ್ಷಣ ಅಂದುಕೊಂಡಿದ್ದರು. ಹೆಂಡತಿಯ ತಟ್ಟೆ ಬೇರೆ, ಮಗಳನ್ನು ಎತ್ತಿಕೊಳ್ಳುತ್ತಿರಲಿಲ್ಲ. ನೀನು ಉರಿಮೂತ್ರ ಅಂತೀಯಲ್ಲ, ಆತಂಕದಲ್ಲಿ ಪದೇಪದೇ ಹೋಗುವವರು ಎಷ್ಟೋ ಜನ ಇದೇ ಮಾತು ಹೇಳುತ್ತಾರೆ.

ನಮ್ಮ ಕೋಣೆಯ ಕಾರಿಡಾರಿನ ಆಚೆ, ಎಚ್‌ಐವಿ ಇರುವವರಿಗೆ ಔಷಧಿ ಕೊಡುವ ಎಆರ್‌ಟಿ ಕೇಂದ್ರ. ಅಲ್ಲಿ ಮಾತ್ರೆ ತೆಗೆದುಕೊಂಡು ಹೋಗುವಾಗ ನನ್ನ ಬಾಗಿಲಲ್ಲಿ ಇಣುಕಿ ‘ಊಟ ಆಯ್ತಾ ಮೇಡಂ’ ಅನ್ನುವ ಹೆಂಗಸೊಬ್ಬಳಿದ್ದಾಳೆ. ಗಂಡನಿಂದ ಬಂದದ್ದು, ಗಂಡ ಈಗಿಲ್ಲ. ಸರ್ಕಾರ 2004ರಿಂದ ಈ ಮಾತ್ರೆಯನ್ನು ಪುಕ್ಕಟೆ ಕೊಡುತ್ತಿದೆ. ತಪ್ಪದೆ ನುಂಗುತ್ತಾಳೆ, ಅವಳ ರಕ್ತದಲ್ಲಿ ವೈರಸ್ ಪರೀಕ್ಷೆಗೆ ಸಿಗದಷ್ಟು ಕಡಿಮೆಯಾಗಿದೆ. ಆ ಮಟ್ಟದಲ್ಲಿರುವವರಿಂದ ಲೈಂಗಿಕ ಸಂಪರ್ಕದಲ್ಲೂ ಇನ್ನೊಬ್ಬರಿಗೆ ಹರಡುವುದಿಲ್ಲ. ಮಗನಿಗೆ ಹದಿನೆಂಟು ತಿಂಗಳಿಗೆ ಮಾಡಿದ ಪರೀಕ್ಷೆಯಲ್ಲಿ ನೆಗೆಟಿವ್ ಬಂತು, ಈಗ ಪಿಯುಸಿ ಓದುತ್ತಿದ್ದಾನೆ. ಹಣ್ಣಿನ ಗಾಡಿ ಇಟ್ಟಿದ್ದಾಳೆ, ಚೀಟಿ ಹಾಕಿದ್ದಾಳೆ, ಮನೆ ಕಟ್ಟಿಸುವ ಮಾತಾಡುತ್ತಾಳೆ. ಪುಟ್ಟೂ, ಆ ಕಾಯಿಲೆ ಬಂದರೆ ನಾನು ಸತ್ತ ಹಾಗೇ ಅಂತ ನೀನು ಬರೆದೆಯಲ್ಲ. ಅದನ್ನು ಇವಳು ಓದಿದರೆ ಏನಂದುಕೊಳ್ಳಬೇಕು? ಪಾಸಿಟಿವ್ ಇರುವವರನ್ನು ಕೆಲಸದಿಂದ ತೆಗೆಯಬಾರದು, ಅವರ ಗುಟ್ಟು ಬಯಲು ಮಾಡಬಾರದು ಅಂತ 2017ರಲ್ಲಿ ಕಾಯ್ದೆಯೇ ಬಂದಿದೆ. ಆದರೆ ನಮ್ಮ ನಿಮ್ಮ ತಲೆಯೊಳಗೆ ಅವರು ಇನ್ನೂ ಶಾಪಗ್ರಸ್ತರು. ನಿನ್ನ ಹೆದರಿಕೆಯಲ್ಲಿ ವೈರಸ್ಸಿಗಿಂತ ಹೆಚ್ಚಾಗಿ ಇರುವುದು ನಾಚಿಕೆ ಅಂತ ನನ್ನ ಎಣಿಕೆ. ತಪ್ಪು ಮಾಡಿದ್ದೇನೆ, ಶಿಕ್ಷೆ ಬಂದೇ ಬರುತ್ತದೆ, ಇನ್ನೂ ಯಾಕೆ ಬಂದಿಲ್ಲ ಅಂತ ನೀನು ಲ್ಯಾಬಿನಿಂದ ಲ್ಯಾಬಿಗೆ ಶಿಕ್ಷೆ ಹುಡುಕಿಕೊಂಡು ಅಲೆಯುತ್ತಿದ್ದೀಯ.

ಹಾಗಂತ ಟೆಸ್ಟೇ ಬೇಡ ಅಂತ ನಾನು ಯಾರಿಗೂ ಹೇಳುವುದಿಲ್ಲ. ನಿಜವಾದ ರಿಸ್ಕ್ ಆದವರು ಒಮ್ಮೆ ಬರಲೇಬೇಕು. 72 ಗಂಟೆಯೊಳಗೆ ಬಂದರೆ ಎಚ್‌ಐವಿ ತಡೆಯಲು 28 ದಿನದ ಮಾತ್ರೆಯೂ ಇದೆ. ಗುಣವಾಗಬಲ್ಲ ಲೈಂಗಿಕ ಸೋಂಕುಗಳೇ ಜಗತ್ತಿನಲ್ಲಿ ದಿನಕ್ಕೆ ಹತ್ತು ಲಕ್ಷಕ್ಕೂ ಹೆಚ್ಚು ಜನಕ್ಕೆ ತಗಲುತ್ತವೆ ಅಂತ ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಅವರೆಲ್ಲ ಪಾಪಿಗಳೇನು? ಬಂದರೆ ಔಷಧಿ ತಗೋಬೇಕು, ಅಷ್ಟೇ. ನಿನ್ನ ಸಮಸ್ಯೆ ಬೇರೆ. ನಿನಗೆ ಬೇಕಾಗಿರುವುದು ‘ನೂರಕ್ಕೆ ನೂರು’. ಅದನ್ನು ಯಾವ ಲ್ಯಾಬೂ, ಯಾವ ಅಕ್ಕನೂ ಕೊಡಲಾರರು. ಕಜ್ಜಿ ಕೆರೆದ ಹಾಗೆ ಇದು: ಕೆರೆದಾಗ ಹಾಯೆನಿಸುತ್ತೆ, ತುರಿಕೆ ಹೆಚ್ಚಾಗುತ್ತೆ. ಟೆಸ್ಟ್ ಒಂದು ಕೆರೆತ, ಗೂಗಲ್ ಒಂದು ಕೆರೆತ, ನನ್ನ ‘ಏನೂ ಇಲ್ಲ ಕಣೋ’ ಅನ್ನುವುದೂ ಒಂದು ಕೆರೆತ. ಅದಕ್ಕೇ ಇನ್ನು ಮುಂದೆ ಆ ಪ್ರಶ್ನೆಗೆ ನಾನು ಉತ್ತರ ಹೇಳುವುದಿಲ್ಲ. ಕೇಳಿದರೆ ‘ಊಟ ಏನು ಮಾಡಿದೆ’ ಅಂತ ಕೇಳುತ್ತೇನೆ. ನಿನಗೆ ಸಿಟ್ಟು ಬರುತ್ತೆ, ನನಗೂ ಕಷ್ಟವಾಗುತ್ತೆ. ಆದರೆ ಗೀಳಿನ ಚಿಕಿತ್ಸೆಯಲ್ಲಿ ಮನೆಯವರು ಮಾಡಬೇಕಾದ ಕೆಲಸವೇ ಇದು.

ಉಳಿದ ಕೆಲಸ ಡಾಕ್ಟರದು. ನೀನಿರುವುದು ಬೆಂಗಳೂರಿನಲ್ಲಿ, ನಿಮ್ಹಾನ್ಸ್‌ನಲ್ಲಿ ಓಸಿಡಿಗೆಂದೇ ಪ್ರತ್ಯೇಕ ಕ್ಲಿನಿಕ್ ಇದೆ. ಅಲ್ಲಿ ಮಾತ್ರೆ ಕೊಡಬಹುದು. ಅದು ಕೆಲಸ ಶುರು ಮಾಡಲು ಕೆಲವು ವಾರ ಬೇಕು, ಮೂರನೇ ದಿನಕ್ಕೇ ಏನೂ ಆಗಲಿಲ್ಲ ಅಂತ ಬಿಡಬೇಡ. ಅದರ ಜೊತೆಗೆ ಹೆದರಿಕೆ ಬಂದಾಗ ಪರೀಕ್ಷಿಸಿಕೊಳ್ಳದೆ, ಹುಡುಕದೆ, ಯಾರನ್ನೂ ಕೇಳದೆ ಸುಮ್ಮನೆ ಕೂರುವುದನ್ನು ಕಲಿಸುತ್ತಾರೆ. ಮೊದಮೊದಲು ಪ್ರಾಣ ಹೋದ ಹಾಗಾಗುತ್ತದೆ, ಆಮೇಲೆ ಹೆದರಿಕೆ ತಾನಾಗಿ ಇಳಿಯುತ್ತದೆ. ರಾತ್ರಿ ತಡೆಯಲಾಗದಿದ್ದರೆ 14416ಕ್ಕೆ ಫೋನ್ ಮಾಡು, ಟೆಲಿ ಮಾನಸ್. ಕನ್ನಡದಲ್ಲೇ ಮಾತಾಡುತ್ತಾರೆ, ದುಡ್ಡಿಲ್ಲ, ನಡುರಾತ್ರಿಯಲ್ಲೂ ಎತ್ತುತ್ತಾರೆ.

ಮದುವೆ ಮುರಿಯುವ ಮಾತು ಈಗ ಎತ್ತಬೇಡ. ಭಯದಲ್ಲಿ ಇರುವವನು ತೆಗೆದುಕೊಂಡ ತೀರ್ಮಾನವನ್ನು ನಾನು ತೀರ್ಮಾನ ಅಂತ ಒಪ್ಪುವುದಿಲ್ಲ. ಗೋವಾದ್ದು ಅವಳಿಗೆ ಹೇಳುವುದೋ ಬಿಡುವುದೋ ನಿನಗೆ ಬಿಟ್ಟಿದ್ದು. ಆದರೆ ‘ನನಗೆ ಕಾಯಿಲೆಯ ಬಗ್ಗೆ ವಿಪರೀತ ಭಯ ಇದೆ, ಚಿಕಿತ್ಸೆ ತಗೊಳ್ತಿದೀನಿ’ ಅನ್ನುವಷ್ಟನ್ನು ಹೇಳಲೇಬೇಕು. ತನ್ನದೇ ತಪ್ಪು ಅಂತ ಆ ಹುಡುಗಿ ಅಲ್ಲಿ ಸುಮ್ಮನೆ ಕೊರಗುತ್ತಿದ್ದಾಳೆ. ಅದನ್ನು ಕೇಳಿದ ಮೇಲೂ ಅವಳಿಗೆ ಬೇಡವಾದರೆ, ಅದು ಅವಳ ತೀರ್ಮಾನವಾಗಲಿ.

ಈ ಮಂಗಳವಾರ ಬಿಟ್ಟು ಮುಂದಿನ ಮಂಗಳವಾರ ನಾನು ರಜೆ ಹಾಕಿದ್ದೇನೆ. ಅದರ ಹಿಂದಿನ ದಿನ ಸೋಮವಾರ ರಾತ್ರಿ ಬಸ್ಸಿಗೆ ಬೆಂಗಳೂರಿಗೆ ಬರುತ್ತೇನೆ, ಅಮ್ಮನಿಗೆ ಟ್ರೈನಿಂಗ್ ಅಂತ ಹೇಳಿದ್ದೇನೆ. ಬೆಳಿಗ್ಗೆ ಎಂಟಕ್ಕೆ ನಿಮ್ಹಾನ್ಸ್ ಓಪಿಡಿ ಹತ್ತಿರ ಬಾ, ತಿಂಡಿ ತಿಂದುಕೊಂಡು ಬಾ, ಚೀಟಿ ಮಾಡಿಸುವುದಕ್ಕೆ ಕ್ಯೂ ಇರುತ್ತದೆ. ಆಧಾರ್ ಕಾರ್ಡ್ ತಾ. ಆ ನಾಲ್ಕು ರಿಪೋರ್ಟುಗಳನ್ನು ಮಾತ್ರ ತರಬೇಡ.

ನಿನ್ನ
ಅಕ್ಕ