ಗಂಡನ ಮನೆಗೆ ಪೊಲೀಸರೊಡನೆ

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಈ ಊರುಗಳ ನಡುವಣ ಬೀಗತನ ಹಳೆಯದು. ಹಡಗಲಿಯ ಮಗಳು ಹರಪನಹಳ್ಳಿಯ ಸೊಸೆಯಾಗುತ್ತಾಳೆ. ಮಧ್ಯೆ ಇರುವುದು ಬಸ್ಸಿನದೊಂದು ಪ್ರಯಾಣ, ಅಷ್ಟೆ. ಮನಸ್ಸು ಮುರಿದ ದಿನ ಆ ಪ್ರಯಾಣವೇ ಮುಗಿಯದಾಗುತ್ತದೆ.

ಉಟ್ಟ ಸೀರೆಯಲ್ಲೇ ಹೊರಬಿದ್ದು ತವರು ಸೇರಿದವಳೊಬ್ಬಳನ್ನು ವಾಚಕರು ಊಹಿಸಿಕೊಳ್ಳಲಿ. ಅವಳ ಪರೀಕ್ಷೆಯ ಪ್ರಮಾಣಪತ್ರಗಳು, ತವರಿನ ಬಂಗಾರ, ಮಗುವಿನ ಅಂಗಿಗಳು ಎಲ್ಲವೂ ಆ ಮನೆಯ ಟ್ರಂಕಿನಲ್ಲಿವೆ. ಹೋಗಿ ತರೋಣವೆಂದರೆ ಹೊಡೆತದ ಭಯ. “ಪೊಲೀಸರನ್ನ ಕರಕೊಂಡು ಗಂಡನ ಮನಿಗೆ ಹೋಗೋದೇನವ್ವಾ? ನಾಕು ಮಂದಿ ಏನಂದಾರು?” ಎಂದು ತಂದೆ ತಲೆ ತಗ್ಗಿಸುತ್ತಾರೆ. ಹಿರಿಯರು ಪಂಚಾಯಿತಿಗೆ ಕೂಡುತ್ತಾರೆ. ಚಹಾ ಬರುತ್ತದೆ, ಎಲೆಯಡಿಕೆ ಬರುತ್ತದೆ, ಟ್ರಂಕು ಮಾತ್ರ ಬರುವುದಿಲ್ಲ.

2005ರ ಕೌಟುಂಬಿಕ ಹಿಂಸೆಯ ಕಾಯಿದೆ ಜಾರಿಗೆ ಬಂದದ್ದು 2006ರ ಅಕ್ಟೋಬರ್ 26ರಂದು. ತಂದೆಯ ಸಂಕೋಚಕ್ಕೆ ಅದು ಉತ್ತರ ಹೇಳದು. ಮಗಳ ಭಯಕ್ಕೆ ಹೇಳುತ್ತದೆ. ಅರ್ಜಿ ಹಾಕಲು ಅವಳು ಹರಪನಹಳ್ಳಿಗೇ ಅಲೆಯಬೇಕಾಗಿಲ್ಲ. ತಾತ್ಕಾಲಿಕವಾಗಿ ನೆಲೆಸಿದ ಊರಿನ ಮ್ಯಾಜಿಸ್ಟ್ರೇಟರೂ ವಿಚಾರಿಸಬಹುದೆಂದು 27ನೆಯ ಕಲಮು ಹೇಳುತ್ತದೆ. ಸ್ತ್ರೀಧನವನ್ನು ಹಿಂದಿರುಗಿಸೆಂದು ಗಂಡನಿಗೆ ಆಜ್ಞಾಪಿಸುವ ಅಧಿಕಾರವನ್ನೂ, ರಕ್ಷಣೆ ಕೊಡೆಂದು ಹತ್ತಿರದ ಠಾಣಾಧಿಕಾರಿಗೆ ಆಜ್ಞಾಪಿಸುವ ಅಧಿಕಾರವನ್ನೂ 19ನೆಯ ಕಲಮು ನ್ಯಾಯಾಲಯಕ್ಕೆ ಕೊಟ್ಟಿದೆ. “ಗಂಡ-ಹೆಂಡಿರ ಜಗಳ, ಹೊಂದಿಕೊಂಡು ಹೋಗಮ್ಮ” ಎಂಬ ಉಪದೇಶಕ್ಕೆ ಆಗ ಎಡೆಯಿಲ್ಲ; ಆಜ್ಞೆಯನ್ನು ಪಾಲಿಸುವುದು ಠಾಣೆಯ ಕರ್ತವ್ಯವಾಗುತ್ತದೆ.

ಮನೆ ಮಾವನ ಹೆಸರಿನಲ್ಲಿದೆ, ಸೊಸೆಗೇನು ಹಕ್ಕು ಎಂಬ ವಾದವೊಂದುಂಟು. ಬಹುಕಾಲ ಅದು ಗೆಲ್ಲುತ್ತಲೂ ಇತ್ತು. 2020ರ ಅಕ್ಟೋಬರಿನಲ್ಲಿ ಸತೀಶ್ ಚಂದರ್ ಅಹುಜಾ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು, ಗಂಡನ ಬಂಧುಗಳಿಗೆ ಸೇರಿದ ಮನೆಯೂ ಅವಳು ಬಾಳಿದ ಮನೆಯೆನಿಸಬಹುದೆಂದು ತೀರ್ಪಿತ್ತಿತು. ಮಾವಂದಿರ ಹೆಸರಿನಲ್ಲೇ ಖಾತೆ ಉಳಿಯುವ ನಮ್ಮ ಊರುಗಳಿಗೆ ಇದು ಸಣ್ಣ ಮಾತಲ್ಲ.

ಮೊದಲ ವಿಚಾರಣೆಯಿಂದ 60 ದಿನಗಳೊಳಗೆ ಅರ್ಜಿಯನ್ನು ಮುಗಿಸಲು ಯತ್ನಿಸಬೇಕೆಂದು ಕಾಯಿದೆ ಹೇಳುತ್ತದೆ. ಕಾಯಿದೆಯ ಪಂಚಾಂಗವೇ ಬೇರೆ, ಕೋರ್ಟಿನ ಪಂಚಾಂಗವೇ ಬೇರೆ! ಆದರೂ ಅವಳ ಪ್ರಮಾಣಪತ್ರಿಕೆಯ ಆಧಾರದ ಮೇಲೆ ಮಧ್ಯಂತರ ಆದೇಶ ನೀಡಲು ಅವಕಾಶವಿದೆ. ರಕ್ಷಣಾದೇಶವನ್ನು ಗಂಡ ಮುರಿದರೆ ಒಂದು ವರ್ಷದವರೆಗೆ ಸೆರೆ, ಇಲ್ಲವೆ 20,000 ರೂಪಾಯಿವರೆಗೆ ದಂಡ, ಇಲ್ಲವೆ ಎರಡೂ.

ಆದೇಶದ ಪ್ರತಿಯನ್ನು ನ್ಯಾಯಾಲಯವು ಅವಳಿಗೂ ಠಾಣಾಧಿಕಾರಿಗೂ ಪುಕ್ಕಟೆಯಾಗಿ ಕೊಡಬೇಕು. ಅವಳು ತನ್ನ ಪ್ರತಿಯನ್ನು ಸಾಮಾನಿನ ಪಟ್ಟಿಯೊಡನೆ ಮಡಿಚಿಟ್ಟುಕೊಂಡು ಹರಪನಹಳ್ಳಿಯ ಬಸ್ಸು ಹತ್ತುತ್ತಾಳೆ. ಸ್ವಲ್ಪ ತಡೆದು, ತಂದೆಯೂ ಹತ್ತುತ್ತಾರೆ.