ಜ್ವರ ಬಿಟ್ಟ ಮೇಲೂ ಉಳಿದದ್ದು

ಜ್ವರ ಬಿಟ್ಟಿತು, ರೋಗಿ ಎದ್ದು ಓಡಾಡಿದನು, ಅಲ್ಲಿಗೆ ರೋಗವೂ ಮುಗಿಯಿತು ಎಂದು ಭಾವಿಸುವುದು ಲೋಕರೂಢಿ. ನಾವೂ ಹಾಗೆಯೇ ನಂಬಿದ್ದೆವು. ಆ ನಂಬಿಕೆ ಪೂರ್ಣ ಸತ್ಯವಲ್ಲವೆಂದು ಅರಿಯಲು ನಮಗೆ ಆರು ವರ್ಷಗಳು ಹಿಡಿದವು. ನಮ್ಮ ಕಿರಿಯ ಮಗನ ಪ್ರಾಣ ಹೋಗಿ ಬಂದಂತಾಯಿತು. ಹಬ್ಬಹರಿದಿನಗಳಲ್ಲಿ ಹತ್ತಾರು ಜನರಿಗೆ ಎಲೆ ಹಾಕುವ ಮನೆಗಳು ನಮ್ಮ ಸಮಾಜದಲ್ಲಿ ಹೇರಳವಾಗಿವೆ. ಅಂಥ ಮನೆಗಳ ತಾಯಂದಿರು ಹಾಗೂ ಹಿರಿಯರು ತಿಳಿದಿರಲೆಂದು ಈ ಅನುಭವವನ್ನು ಬರೆಯುತ್ತಿದ್ದೇವೆ.

ಆಗ ನಮ್ಮ ವಾಸ ಮಂಡ್ಯದ ವಿ.ಸಿ. ಫಾರಂನಲ್ಲಿ. ಮೊದಲು ಇರ್ವಿನ್ ನಾಲೆ ಎಂದು ಹೆಸರಿದ್ದ ವಿಶ್ವೇಶ್ವರಯ್ಯ ನಾಲೆಯ ನೀರನ್ನುಂಡು ಬೆಳೆದ ಆ ಕ್ಷೇತ್ರದಲ್ಲಿ ಭತ್ತ, ರಾಗಿ, ಕಬ್ಬುಗಳ ಸಂಶೋಧನೆ ನಡೆಯುತ್ತಿತ್ತು. ನಾವು ಕಬ್ಬಿನ ವಿಭಾಗದಲ್ಲಿ ಸಣ್ಣದೊಂದು ಕೆಲಸದಲ್ಲಿದ್ದೆವು. ಮಳವಳ್ಳಿ ಕಡೆಯ ಹಳ್ಳಿಯಿಂದ ನಮ್ಮ ದೊಡ್ಡಮ್ಮನವರು ಶಿವರಾತ್ರಿಗೂ ಬಸವ ಜಯಂತಿಗೂ ತಪ್ಪದೆ ಬರುತ್ತಿದ್ದರು. ಚಿಕ್ಕ ವಯಸ್ಸಿನಲ್ಲಿಯೇ ಪತಿಯನ್ನು ಕಳೆದುಕೊಂಡ ಆ ತಾಯಿಗೆ ಅಡುಗೆಯೇ ಕಾಯಕ, ಬಡಿಸುವುದೇ ಪೂಜೆ. ಅವರು ಬಂದರೆಂದರೆ ಒಲೆ ಅವರ ವಶ. ಒಂದು ದಿನವೂ ಹಾಸಿಗೆ ಹಿಡಿದವರಲ್ಲ.

1988ರ ಶಿವರಾತ್ರಿ ಕಳೆದು ಎರಡು ವಾರಗಳಾಗುವಷ್ಟರಲ್ಲಿ ನಮ್ಮ ಹಿರಿಯ ಮಗಳಿಗೆ ವಿಷಮಶೀತ ಜ್ವರ ಬಂದಿತು. ನಾಲೆಯ ನೀರು ಕುಡಿದಿರಬೇಕೆಂದು ಸುಮ್ಮನಾದೆವು. 1991ರಲ್ಲಿ ಬಸವ ಜಯಂತಿಯ ಬಳಿಕ ನಮ್ಮ ತಮ್ಮನಿಗೂ ನೆರೆಮನೆಯ ಹುಡುಗನಿಗೂ ಅದೇ ಜ್ವರ. ಆಗ ಹೋಟೆಲಿನ ತಿಂಡಿಯನ್ನು ದೂರಿದೆವು. 1994ರ ಶಿವರಾತ್ರಿಯ ಅನಂತರ ಒಂಬತ್ತು ವರ್ಷದ ಕಿರಿಯ ಮಗ ಮಲಗಿದನು. ಸಾಮಾನ್ಯ ಜ್ವರವೆಂದು ನಾವೇ ಕಾಲ ಕಳೆದೆವು. ಮೂರನೆಯ ವಾರದಲ್ಲಿ ಅವನ ಹೊಟ್ಟೆ ಉಬ್ಬಿ ಕಲ್ಲಿನಂತಾಯಿತು. ಮೈಸೂರಿಗೆ ಒಯ್ದಾಗ ಸಣ್ಣ ಕರುಳು ತೂತಾಗಿದೆಯೆಂದು ತಿಳಿದು ಅಂದಿನ ರಾತ್ರಿಯೇ ಶಸ್ತ್ರಚಿಕಿತ್ಸೆ ಮಾಡಿದರು. ಈ ರೋಗದಲ್ಲಿ ಎರಡು ಮೂರನೆಯ ವಾರಗಳ ಹೊತ್ತಿಗೆ ಇಂಥ ಅಪಾಯ ಒದಗುವುದುಂಟು. ದೇವರ ದಯೆ, ವೈದ್ಯರ ಶ್ರಮ, ಮಗು ಉಳಿಯಿತು.

ಅಲ್ಲಿನ ಹಿರಿಯ ವೈದ್ಯರೊಬ್ಬರು ನಮ್ಮ ಮನೆಯ ಹಿಂದಿನ ಜ್ವರಗಳ ಕಥೆಯನ್ನು ಕೇಳಿ, ಯಾವ ತಿಂಗಳು, ಯಾವ ಹಬ್ಬ ಎಂದು ಗುರುತು ಹಾಕಿಕೊಂಡರು. ಕೊನೆಗೆ ಅವರು ಕೇಳಿದ್ದು ಒಂದೇ ಪ್ರಶ್ನೆ: "ಮೂರು ಬಾರಿಯೂ ಅಡುಗೆ ಮಾಡಿದವರು ಯಾರು?" ನಮಗೆ ಉತ್ತರ ತಿಳಿದಿತ್ತು, ಬಾಯಿ ಬರಲಿಲ್ಲ.

ಅವರು ವಿವರಿಸಿದುದನ್ನೂ ಮುಂದೆ ನಾವು ಓದಿ ತಿಳಿದುದನ್ನೂ ಇಲ್ಲಿ ಸಂಗ್ರಹಿಸುತ್ತೇವೆ. ವಿಷಮಶೀತ ಜ್ವರದ ರೋಗಾಣು ಸಾಲ್ಮೊನೆಲ್ಲ ಟೈಫಿ. ಜರ್ಮನಿಯ ಎಬರ್ಟ್ 1880ರಲ್ಲಿ ಇದನ್ನು ಕಂಡರು. 1884ರಲ್ಲಿ ಗಾಫ್ಕಿ ಬೇರ್ಪಡಿಸಿ ಬೆಳೆಸಿದರು. ಇದಕ್ಕೆ ಮನುಷ್ಯನೇ ನೆಲೆ. ದನಕರುಗಳಲ್ಲಿ, ಹಕ್ಕಿಪಕ್ಷಿಗಳಲ್ಲಿ ಇದು ಬೀಡುಬಿಡುವುದಿಲ್ಲ. ಹಾಗಾದರೆ ಜ್ವರವಿಲ್ಲದ ಕಾಲದಲ್ಲಿ ಇದು ಎಲ್ಲಿ ಅಡಗಿರುತ್ತದೆ? ಜ್ವರ ಬಂದು ವಾಸಿಯಾದವರಲ್ಲಿ ನೂರಕ್ಕೆ ಎರಡರಿಂದ ಐದು ಮಂದಿಯ ದೇಹದಲ್ಲಿ. ವರ್ಷ ಕಳೆದ ಮೇಲೂ ಮಲದಲ್ಲಿ ರೋಗಾಣು ಹೊರಬೀಳುತ್ತಿದ್ದರೆ ಅಂಥವರನ್ನು ದೀರ್ಘಕಾಲದ ವಾಹಕರು ಎನ್ನುತ್ತಾರೆ. ಅವರಿಗೆ ಜ್ವರವಿಲ್ಲ, ನೋವಿಲ್ಲ, ನಿಶ್ಶಕ್ತಿಯಿಲ್ಲ. ಪುರುಷರಿಗಿಂತ ಸ್ತ್ರೀಯರಲ್ಲಿ, ಅದರಲ್ಲಿಯೂ ನಡುವಯಸ್ಸು ದಾಟಿದವರಲ್ಲಿ ಮತ್ತು ಪಿತ್ತಕೋಶದಲ್ಲಿ ಕಲ್ಲುಗಳಿರುವವರಲ್ಲಿ ಇದು ಹೆಚ್ಚು.

ಪಿತ್ತಕೋಶವೇ ಈ ರೋಗಾಣುವಿನ ಬಚ್ಚಿಟ್ಟ ಮನೆ. ಅನೇಕ ಸೂಕ್ಷ್ಮಜೀವಿಗಳು ಪಿತ್ತರಸದಲ್ಲಿ ಬಾಳಲಾರವು, ಇದು ಬಾಳುತ್ತದೆ. ಕಲ್ಲುಗಳ ಮೈಮೇಲೆ ಲೋಳೆಯಂತಹ ಪದರವನ್ನು ಕಟ್ಟಿಕೊಂಡು ಗುಂಪಾಗಿ ನೆಲೆಸುತ್ತದೆ. ಆ ಪದರವನ್ನು ಭೇದಿಸಿ ಒಳಗೆ ಹೋಗುವುದು ಔಷಧಕ್ಕೂ ದೇಹದ ರಕ್ಷಣಾ ಶಕ್ತಿಗೂ ಕಷ್ಟ. ಅಲ್ಲಿಂದ ಆಗಾಗ ಪಿತ್ತರಸದೊಡನೆ ಕರುಳಿಗಿಳಿದು ಹೊರಬೀಳುತ್ತದೆ. ಪ್ರತಿದಿನವೂ ಬೀಳುವುದಿಲ್ಲವಾದ್ದರಿಂದ ಒಂದು ಸಲದ ಪರೀಕ್ಷೆಯಲ್ಲಿ ಕಾಣದೆ ಹೋಗಬಹುದು. ದೊಡ್ಡಮ್ಮನವರ ಮೊದಲ ಪರೀಕ್ಷೆಯಲ್ಲಿ ಏನೂ ಇರಲಿಲ್ಲ. ಎರಡನೆಯದರಲ್ಲಿ ರೋಗಾಣು ಬೆಳೆಯಿತು. ಪಿತ್ತಕೋಶದಲ್ಲಿ ಕಲ್ಲುಗಳೂ ಇದ್ದವು. ಹದಿಹರೆಯದಲ್ಲಿ ಇಪ್ಪತ್ತೊಂದು ದಿನಗಳ ಜ್ವರ ಬಂದು ತಲೆಗೂದಲೆಲ್ಲ ಉದುರಿತ್ತೆಂದು ಅವರೇ ಹೇಳುತ್ತಿದ್ದ ಮಾತು ಆಗ ನೆನಪಾಯಿತು. ನಾಲ್ಕು ದಶಕಗಳ ಹಿಂದಿನ ಆ ಜ್ವರ ಅವರನ್ನು ಬಿಟ್ಟಿತ್ತು, ರೋಗಾಣು ಬಿಟ್ಟಿರಲಿಲ್ಲ.

ಅವರು ಮಾಡಿದ ಬಿಸಿ ಅನ್ನ, ಸಾರು, ಹೋಳಿಗೆಗಳಿಂದ ಕೇಡಾಗಲಿಲ್ಲ, ಏಕೆಂದರೆ ಕುದಿಯಲ್ಲಿ ಈ ರೋಗಾಣು ಸಾಯುತ್ತದೆ. ಕೇಡಾದದ್ದು ಕೋಸಂಬರಿಯಿಂದ, ಪಾನಕದಿಂದ, ನೀರುಮಜ್ಜಿಗೆಯಿಂದ, ಅಂದರೆ ಒಲೆಯನ್ನು ಕಾಣದೆ ಕೈಯನ್ನು ಮಾತ್ರ ಕಂಡ ಪದಾರ್ಥಗಳಿಂದ ಎಂಬುದು ವೈದ್ಯರ ಊಹೆ. ಅಮೆರಿಕದ ಮೇರಿ ಮ್ಯಾಲನ್ ಎಂಬ ಅಡುಗೆಯಾಕೆಯ ಪ್ರಸಂಗವೂ ಇಂಥದೇ. ಐರ್ಲೆಂಡಿನಲ್ಲಿ ಹುಟ್ಟಿದ ಈಕೆ 1906ರಲ್ಲಿ ನ್ಯೂಯಾರ್ಕಿನ ಬಳಿಯ ಆಯ್ಸ್ಟರ್ ಬೇಯ ಒಂದು ಮನೆಯಲ್ಲಿ ಅಡುಗೆಗಿದ್ದಾಗ ಹನ್ನೊಂದು ಜನರಲ್ಲಿ ಆರು ಮಂದಿಗೆ ಜ್ವರ ಬಂದಿತು. ಆಕೆ ಮಾಡುತ್ತಿದ್ದ ಹಸಿ ಹಣ್ಣಿನ ಐಸ್ ಕ್ರೀಮಿನ ಮೇಲೆ ಅನುಮಾನ ಬಿದ್ದಿತು. ಜಾರ್ಜ್ ಸೋಪರ್ ಎಂಬುವರು ಆಕೆಯನ್ನು ಪತ್ತೆ ಹಚ್ಚಿದರು. ಆರೋಗ್ಯವಾಗಿರುವ ತನ್ನಿಂದ ರೋಗ ಹರಡಿತೆಂಬುದನ್ನು ಆಕೆ ಕಡೆಯವರೆಗೂ ಒಪ್ಪಲಿಲ್ಲ. 1907ರಿಂದ 1910ರವರೆಗೆ ಒಂದು ದ್ವೀಪದಲ್ಲಿ ಇರಿಸಿದರು. ಅಡುಗೆ ಮಾಡಬಾರದೆಂಬ ಕಟ್ಟುಪಾಡಿನ ಮೇಲೆ ಬಿಟ್ಟರು. ಬೇರೆ ಜೀವನೋಪಾಯ ಕೈಹತ್ತದೆ ಆಕೆ ಮತ್ತೆ ಸೌಟು ಹಿಡಿದಳು. 1915ರಲ್ಲಿ ಪುನಃ ಬಂಧಿಸಿದರು. 1938ರಲ್ಲಿ ಅಲ್ಲಿಯೇ ತೀರಿಕೊಂಡಳು. ಆಕೆಯಂತಹ ನೂರಾರು ವಾಹಕರು ಅದೇ ನಗರದಲ್ಲಿ ಬಂಧನವಿಲ್ಲದೆ ಬಾಳುತ್ತಿದ್ದರು.

ಈ ಕಥೆಯನ್ನು ಓದಿದಾಗ ನಮಗೆ ನಾಚಿಕೆಯಾಯಿತು. ಏಕೆಂದರೆ ನಮ್ಮ ಮನೆಯಲ್ಲಿ ನಡೆದದ್ದೂ ಅದಕ್ಕಿಂತ ಬಹಳ ಭಿನ್ನವಲ್ಲ. ಪರೀಕ್ಷೆಯ ಫಲ ತಿಳಿದ ದಿನ ದೊಡ್ಡಮ್ಮನವರು ತಮ್ಮ ಎರಡು ಅಂಗೈಗಳನ್ನು ಬಹಳ ಹೊತ್ತು ನೋಡಿಕೊಂಡು, "ಹಾಗಾದರೆ ಮಗುವಿಗೆ ವಿಷ ಇಕ್ಕಿದವಳು ನಾನೇ?" ಎಂದರು. ಮಗನ ಸಂಕಟವನ್ನು ಕಂಡಿದ್ದ ಮನೆಯವರು ಮುಖ ತಿರುಗಿಸಿಕೊಂಡರು. ಅವರ ತಟ್ಟೆ ಲೋಟಗಳು ಬೇರೆಯಾದವು. ಅವರೊಡನೆ ಕುಳಿತರೆ, ಅವರನ್ನು ಮುಟ್ಟಿದರೆ ರೋಗ ಬಾರದೆಂಬುದು ನಮಗೆ ಗೊತ್ತಿತ್ತು. ಆದರೂ ನಾವು ಮಾತನಾಡಲಿಲ್ಲ. ಮೂರನೆಯ ದಿನ ಅವರು ಯಾರಿಗೂ ಹೇಳದೆ ಊರಿನ ಬಸ್ಸು ಹತ್ತಿದರು.

ನಮ್ಮ ಕಣ್ಣು ತೆರೆಸಿದ್ದು ಕಬ್ಬು. ಕೂಳೆ ಕುಂಠಿತ ರೋಗವೆಂಬುದೊಂದುಂಟು. ಅದು ತಗುಲಿದ ಕಬ್ಬು ಹೊರನೋಟಕ್ಕೆ ಹಸನಾಗಿಯೇ ಇರುತ್ತದೆ. ಅದರಿಂದ ಕಡಿದ ಬಿತ್ತನೆಯ ತುಂಡಿನಲ್ಲಿ, ಕಡಿದ ಮಚ್ಚಿನ ಅಲಗಿನಲ್ಲಿ ರೋಗ ಮುಂದಿನ ಪೈರಿಗೆ ಸಾಗುತ್ತದೆ. ಕೂಳೆಯಿಂದ ಕೂಳೆಗೆ ಉಳಿಯುತ್ತದೆ. ಅದಕ್ಕಾಗಿ ತುಂಡುಗಳನ್ನು 50 ಡಿಗ್ರಿ ಬಿಸಿನೀರಿನಲ್ಲಿ ಎರಡು ಗಂಟೆ ಕಾಲ ಅದ್ದಿ ಶುದ್ಧಿಗೊಳಿಸಿ ನೆಡುವುದು ಪದ್ಧತಿ. ಕಬ್ಬನ್ನು ಯಾರೂ ಬೈಯುವುದಿಲ್ಲ, ಉಪಚಾರ ಮಾಡುತ್ತಾರೆ. ದಿನವೂ ರೈತರಿಗೆ ಈ ಮಾತನ್ನು ಹೇಳುತ್ತಿದ್ದ ನಾವು ನಮ್ಮನ್ನು ಎತ್ತಿ ಆಡಿಸಿದ ತಾಯಿಗೆ ಅಷ್ಟು ನ್ಯಾಯವನ್ನೂ ಸಲ್ಲಿಸಲಿಲ್ಲವಲ್ಲ! ಮರುದಿನವೇ ಮನೆಯವರನ್ನು ಕರೆದುಕೊಂಡು ಹಳ್ಳಿಗೆ ಹೋಗಿ ಕ್ಷಮೆ ಬೇಡಿದೆವು.

ಚಿಕಿತ್ಸೆ ನಡೆಯಿತು. ನಾಲ್ಕು ವಾರಗಳ ಕಾಲ ಸಿಪ್ರೊಫ್ಲಾಕ್ಸಾಸಿನ್ ಮಾತ್ರೆ ಕೊಟ್ಟರು. ಕಲ್ಲುಗಳಿದ್ದುದರಿಂದ ಪಿತ್ತಕೋಶವನ್ನೂ ತೆಗೆದರು. ಮುಂದೆ ತಿಂಗಳಿಗೊಂದರಂತೆ ನಡೆದ ಮೂರು ಪರೀಕ್ಷೆಗಳಲ್ಲಿ ರೋಗಾಣು ಕಾಣಲಿಲ್ಲ. ಎಲ್ಲರಿಗೂ ಇದೇ ಮಾತ್ರೆ ಸಲ್ಲುವುದೆಂದು ಬಂಧುಗಳು ತಿಳಿಯಬಾರದು. ಇಂದು ನಮ್ಮ ದೇಶದಲ್ಲಿ ಈ ರೋಗಾಣು ಬಹುಮಟ್ಟಿಗೆ ಆ ಔಷಧಕ್ಕೆ ಜಗ್ಗದಂತಾಗಿದೆ. ರೋಗಾಣುವನ್ನು ಬೆಳೆಸಿ ನೋಡಿ, ತಕ್ಕ ಔಷಧವನ್ನು ವೈದ್ಯರೇ ನಿರ್ಧರಿಸಬೇಕು. ಪಿತ್ತಕೋಶವನ್ನು ತೆಗೆದ ಮಾತ್ರಕ್ಕೆ ಎಲ್ಲರೂ ಮುಕ್ತರಾಗುವುದೂ ಇಲ್ಲ. ಆದುದರಿಂದ ಮರುಪರೀಕ್ಷೆ ಅವಶ್ಯ.

ಗೃಹಿಣಿಯರಲ್ಲಿ ನಮ್ಮ ವಿನಂತಿ ಇಷ್ಟೇ. ಮನೆಯಲ್ಲಿ ಈ ಜ್ವರ ಮರುಕಳಿಸುತ್ತಿದ್ದರೆ ನೀರನ್ನಷ್ಟೇ ದೂರದೆ ವೈದ್ಯರಿಗೆ ಹಿಂದಿನ ವೃತ್ತಾಂತವನ್ನೆಲ್ಲ ತಿಳಿಸಿರಿ. ಶೌಚದ ಬಳಿಕವೂ ಅಡುಗೆಗೆ ಮುನ್ನವೂ ಸಾಬೂನಿನಿಂದ ಕೈ ತೊಳೆಯಿರಿ. ನೀರನ್ನು ಕುದಿಸಿ ಆರಿಸಿರಿ. ಅಡುಗೆಯನ್ನು ವೃತ್ತಿಯಾಗಿ ಮಾಡುವವರಿಗೆ ವರ್ಷಕ್ಕೊಮ್ಮೆ ವೈದ್ಯಕೀಯ ತಪಾಸಣೆಯೂ ಈ ಜ್ವರದ ಲಸಿಕೆಯೂ ಆಗಬೇಕೆಂದು 2011ರ ಆಹಾರ ಸುರಕ್ಷತಾ ನಿಯಮಗಳು ವಿಧಿಸಿವೆ. ದಾಸೋಹದ ಪಾಕಶಾಲೆಗಳಲ್ಲಿಯೂ ಇದನ್ನು ಪಾಲಿಸುವುದು ಲೇಸು. ಹೈದರಾಬಾದಿನಲ್ಲಿ ತಯಾರಾಗುವ ಹೊಸ ಬಗೆಯ ಲಸಿಕೆಯನ್ನು ಆರು ತಿಂಗಳು ತುಂಬಿದ ಕೂಸುಗಳಿಗೂ ಒಂದೇ ಬಾರಿ ಹಾಕಬಹುದು. ಇಂತಹ ಲಸಿಕೆಯನ್ನು ವಿಶ್ವ ಆರೋಗ್ಯ ಸಂಸ್ಥೆ 2018ರಲ್ಲಿ ಶಿಫಾರಸು ಮಾಡಿತು. ಆದರೆ ವಾಹಕರಾದವರನ್ನು ಲಸಿಕೆ ಗುಣಪಡಿಸದು. ಅವರಿಗೆ ಚಿಕಿತ್ಸೆಯೇ ಬೇಕು.

1995ರ ಶಿವರಾತ್ರಿಗೆ ದೊಡ್ಡಮ್ಮನವರು ಬಂದರು. ಅಡುಗೆಮನೆಯ ಹೊಸ್ತಿಲಲ್ಲಿಯೇ ನಿಂತರು. ಮನೆಯವರು ಕೋಸಂಬರಿಯ ಬಟ್ಟಲನ್ನು ಅವರ ಮುಂದಿಟ್ಟು, "ನೀವೇ ಕಲಸಿಕೊಡಿ" ಎಂದರು. ಅವರು ಬಚ್ಚಲಿಗೆ ಹೋಗಿ ಮೊಣಕೈವರೆಗೆ ಸಾಬೂನು ಹಚ್ಚಿ ತೊಳೆದು, ಹಿಂದಿರುಗಿ ಎರಡೂ ಕೈಗಳನ್ನು ನಮಗೆ ಚಾಚಿ ತೋರಿಸಿದರು. ನಾವು ತಲೆ ತಗ್ಗಿಸಿದೆವು. ಅಂದು ಮೊದಲ ತುತ್ತು ಕೋಸಂಬರಿಯನ್ನು ಕೇಳಿ ಬಡಿಸಿಕೊಂಡವನು ನಮ್ಮ ಕಿರಿಯ ಮಗ.